ಎಡಗಡೆಯಿಂದ ಬಂದ ಪ್ರಶ್ನೆ

ಜನವರಿ 12

ಮಗಳೇ,

ನೀನು ಹೊಲಿದು ಕಳಿಸಿದ ಫ್ರಾಕು ಬಂತು. ಚೂಟಿಗೆ ಉದ್ದ ಸರಿಯಾಗಿದೆ, ತೋಳು ಬಿಗಿ. ನಿನ್ನ ಮಗಳು ನೀನು ಅಂದುಕೊಂಡದ್ದಕ್ಕಿಂತ ಬೇಗ ಬೆಳೆಯುತ್ತಿದ್ದಾಳೆ, ಅದಕ್ಕೆ ನನ್ನನ್ನು ಬೈಯಬೇಡ.

ಇನ್ನು ಕೇಸು. ನಿನ್ನೆ ಹೋಗಿದ್ದೆ, ಮತ್ತೆ ಮುಂದಕ್ಕೆ ಹಾಕಿದರು. ಈ ವಿಮಾ ಕಂಪನಿಯವರ ಜೊತೆ ಏಗಿ ಏಗಿ ತಲೆ ಚಿಟ್ಟು ಹಿಡಿದಿದೆ. ಮೊದಲು, ಲಾರಿಯವನಿಗೆ ಲೈಸೆನ್ಸೇ ಇರಲಿಲ್ಲ, ಆದ್ದರಿಂದ ಪರಿಹಾರ ಕೊಡುವುದಿಲ್ಲ ಅಂದರು. ಲೈಸೆನ್ಸು ಸಿಕ್ಕಿತು. ಆಮೇಲೆ, ನಿನ್ನ ಗಂಡ ಫ್ರಿಜ್ ರಿಪೇರಿ ಮಾಡಿ ಅಷ್ಟೆಲ್ಲ ಸಂಪಾದಿಸುತ್ತಿದ್ದ ಅನ್ನುವುದಕ್ಕೆ ಪುರಾವೆ ಏನು ಅಂದರು. ಅವನ ಹತ್ತಿರ ರಿಪೇರಿ ಮಾಡಿಸಿದವರು ಪಾಪ ಕೆಲಸ ಬಿಟ್ಟು ಬಂದು ಹೇಳಿ ಹೋದರು. ಈಗ ಹೊಸ ರಾಗ ತೆಗೆದಿದ್ದಾರೆ. ಲಾರಿ ಎಡಕ್ಕೆ ತಿರುಗುವಾಗ ಅವನೇ ಎಡಗಡೆ ಸಂದಿಯಲ್ಲಿ ಸ್ಕೂಟರ್ ನುಗ್ಗಿಸಿದನಂತೆ, ತಪ್ಪು ಅವನದೇ ಅಂತೆ. ಕಂಡವರು ಯಾರು ಅಂದರೆ ಯಾರೂ ಇಲ್ಲ. ಲಾರಿಯವನು ಹೇಳಿದ, ಇವರು ಬರೆದುಕೊಂಡರು. ಸತ್ತವನು ಎದ್ದು ಬಂದು ಇಲ್ಲ ಅನ್ನುವುದಿಲ್ಲವಲ್ಲ, ಅದೇ ಇವರಿಗೆ ಧೈರ್ಯ.

ಮುಂದಿನ ಸಲ ನನ್ನನ್ನು ಸಾಕ್ಷಿ ಹೇಳಲು ಕರೆಯುತ್ತಾರಂತೆ. ಕರೆಯಲಿ. ಆಯುಷ್ಯವೆಲ್ಲ ಬಸ್ಸು ಓಡಿಸಿ, ನಿವೃತ್ತನಾದ ಮೇಲೂ ಡ್ರೈವಿಂಗ್ ಸ್ಕೂಲಿನಲ್ಲಿ ಊರಿನವರಿಗೆಲ್ಲ ಸ್ಟಿಯರಿಂಗ್ ಹಿಡಿಯುವುದು ಕಲಿಸುತ್ತಿರುವ ನನಗೆ ಕಪ್ಪು ಕೋಟಿನವರನ್ನು ಕಂಡು ಹೆದರಿಕೆಯೇ?

ಚೂಟಿ ಗೋಡೆಯ ಮೇಲೆ ನಿನ್ನ ಚಿತ್ರ ಬರೆದಿದ್ದಾಳೆ. ಮನೆ ಓನರ್ ನೋಡುವ ಮುಂಚೆ ಅಳಿಸಬೇಕು. ಅಳಿಸಲು ಮನಸ್ಸು ಬರುತ್ತಿಲ್ಲ.

ಇಂತಿ
ನಿನ್ನ ಮಾವ

ಜನವರಿ 27

ಮಾವನವರಿಗೆ,

ಚಿತ್ರ ಅಳಿಸಬೇಡಿ. ಓನರ್ ಬಂದರೆ ಅದರ ಮುಂದೆ ಕುರ್ಚಿ ಹಾಕಿಕೊಂಡು ನೀವೇ ಕೂತುಬಿಡಿ.

ಗಾರ್ಮೆಂಟ್ಸ್ ಫ್ಯಾಕ್ಟರಿಯಲ್ಲಿ ಈಗ ನನ್ನನ್ನು ಕಾಲರ್ ವಿಭಾಗಕ್ಕೆ ಹಾಕಿದ್ದಾರೆ. ಬೆಳಗಿನಿಂದ ಸಂಜೆಯವರೆಗೆ ಬರೀ ಕಾಲರು. ಆ ಅಂಗಿಗೆ ಮೈ ಯಾರು ಹೊಲಿಯುತ್ತಾರೋ, ತೋಳು ಯಾರು ಕೂಡಿಸುತ್ತಾರೋ ನನಗೆ ಗೊತ್ತಿಲ್ಲ. ಒಂದು ಇಡೀ ಅಂಗಿಯನ್ನು ಕಂಡು ಎಷ್ಟು ಕಾಲವಾಯಿತೋ! ಹಾಸ್ಟೆಲಿನಲ್ಲಿ ನನ್ನ ಮೇಲಿನ ಮಂಚದವಳು ನಿದ್ದೆಯಲ್ಲಿ ಗುಂಡಿ ಲೆಕ್ಕ ಹಾಕುತ್ತಾಳೆ. ಫೋನಿನಲ್ಲಿ ಇದೆಲ್ಲ ಹೇಳಲು ಆಗುವುದಿಲ್ಲ. ಚೂಟಿಯ ದನಿ ಕೇಳುವಷ್ಟರಲ್ಲೇ ನನ್ನ ಹಿಂದೆ ಸಾಲಿನಲ್ಲಿ ನಿಂತವರು ಬೇಗ ಮುಗಿಸು ಅನ್ನುತ್ತಾರೆ. ಅದಕ್ಕೇ ಬರೆಯುತ್ತೇನೆ.

ಮಾವ, ಒಂದು ಮಾತು, ಬೇಜಾರು ಮಾಡಿಕೊಳ್ಳಬೇಡಿ. ಕೋರ್ಟಿನಲ್ಲಿ ವಕೀಲರು ಹೇಳಿಕೊಟ್ಟಷ್ಟೇ ಹೇಳಿ. "ನಾನು ಅಲ್ಲಿರಲಿಲ್ಲ, ನೋಡಿಲ್ಲ, ಗೊತ್ತಿಲ್ಲ." ಅಷ್ಟೇ. ಡ್ರೈವಿಂಗ್ ವಿಷಯ ಬಂದರೆ ನಿಮಗೆ ಬ್ರೇಕು ಇಲ್ಲ ಅನ್ನುವುದು ಮನೆಯವರಿಗೆಲ್ಲ ಗೊತ್ತು. ನಮ್ಮ ಮದುವೆಯ ದಿನ ನನ್ನ ಅಪ್ಪನನ್ನು ಮೂಲೆಗೆ ಕೂರಿಸಿಕೊಂಡು ಕ್ಲಚ್ಚಿನ ಬಗ್ಗೆ ಪಾಠ ಮಾಡಿದಿರಲ್ಲ, ಅವರು ಊಟವಿಲ್ಲದೆ ಎದ್ದು ಹೋದರು.

ಈ ಪರಿಹಾರ ಬಂದರೆ ನಾನು ಮಾಡುವುದು ಒಂದೇ ಕೆಲಸ. ಚೂಟಿಯ ಶಾಲೆಯ ಪಕ್ಕದ ಆ ಅಂಗಡಿ ಕೋಣೆ ಹಿಡಿದು, ಸ್ವಂತ ಮಿಷನ್ ಹಾಕಿ, ಮಗಳನ್ನು ಜೊತೆಯಲ್ಲಿ ಇಟ್ಟುಕೊಳ್ಳುತ್ತೇನೆ. ಅವಳು ಶಾಲೆಯಿಂದ ಬಂದಾಗ ನಾನು ಬಾಗಿಲಲ್ಲಿ ಇರಬೇಕು. ಬೇರೆ ಏನೂ ಬೇಡ.

ನಿಮ್ಮ ಸೊಸೆ

ಫೆಬ್ರವರಿ 19

ಮಗಳೇ,

ಸಾಕ್ಷಿ ಮುಗಿಯಿತು. ಹೂವೆತ್ತಿದಂತೆ ಆಯಿತು. ನೀನು ಸುಮ್ಮನೆ ಹೆದರಿದ್ದೆ.

ಕೋರ್ಟಿನ ಫ್ಯಾನು ನಮ್ಮ ಹಳೇ ಬಸ್ಸಿನ ಹಾಗೆ ಸದ್ದು ಮಾಡುತ್ತದೆ, ಗಾಳಿ ಮಾತ್ರ ಬರುವುದಿಲ್ಲ. ನಮ್ಮ ವಕೀಲರು ಕೇಳಿದ್ದಕ್ಕೆಲ್ಲ ಅವರು ಹೇಳಿಕೊಟ್ಟ ಹಾಗೆಯೇ ಹೇಳಿದೆ. ನೋಡಿಲ್ಲ, ಗೊತ್ತಿಲ್ಲ. ನನಗೇ ನಾಚಿಕೆಯಾಯಿತು, ಏನೂ ಗೊತ್ತಿಲ್ಲದ ದಡ್ಡನ ಹಾಗೆ. ಆಮೇಲೆ ಕಂಪನಿ ವಕೀಲ ಎದ್ದ. ಇನ್ನೂ ಎಳೇ ವಯಸ್ಸು, ತುಂಬಾ ಮರ್ಯಾದಸ್ಥ. ನನ್ನನ್ನು ಮೇಷ್ಟ್ರೇ ಅಂತ ಕರೆದ! ಎಷ್ಟು ವರ್ಷ ಬಸ್ಸು ಓಡಿಸಿದಿರಿ, ಎಷ್ಟು ಅಪಘಾತ ಅಂತ ಕೇಳಿದ. ಒಂದೂ ಇಲ್ಲ ಅಂದೆ. ನ್ಯಾಯಾಧೀಶರೇ ಕನ್ನಡಕ ತೆಗೆದು ನನ್ನನ್ನು ನೋಡಿದರು. ಇಲಾಖೆಯವರು ನನ್ನನ್ನು ಕಳಿಸಿಕೊಡುವ ದಿನ ಸಹ ಇಷ್ಟು ಗೌರವ ಕೊಟ್ಟಿರಲಿಲ್ಲ. ಆಮೇಲೆ ರಸ್ತೆ ನಿಯಮದ ಬಗ್ಗೆ ನಾಲ್ಕು ಪ್ರಶ್ನೆ ಕೇಳಿದ, ಒಂದಕ್ಕೂ ತಡವರಿಸಲಿಲ್ಲ.

ನಮ್ಮ ವಕೀಲರಿಗೆ ಚಹಾ ಕುಡಿಸೋಣ ಅಂತ ಕರೆದರೆ ಬರಲಿಲ್ಲ. ಮುಖ ಕಿವುಚಿಕೊಂಡು ಹೋದರು. ಹೊಟ್ಟೆನೋವು ಇದ್ದಿರಬೇಕು.

ಆ ಅಂಗಡಿ ಕೋಣೆ ಇನ್ನೂ ಖಾಲಿಯೇ ಇದೆ. ಬೆಳಿಗ್ಗೆ ಚೂಟಿಯನ್ನು ಬಿಡಲು ಹೋದಾಗ ಇಣುಕಿ ನೋಡಿದೆ. ಬೆಳಕು ಚೆನ್ನಾಗಿದೆ.

ನಿನ್ನ ಮಾವ

ಮಾರ್ಚ್ 3

ಮಾವನವರಿಗೆ,

ನಿಮ್ಮ ಕಾಗದ ಓದಿ ಖುಷಿಯಾಯಿತು ಅನ್ನಬೇಕು, ಆದರೆ ಯಾಕೋ ಸಮಾಧಾನವಿಲ್ಲ. ಆ ನಾಲ್ಕು ಪ್ರಶ್ನೆ ಯಾವುವು? ನೀವು ಏನು ಹೇಳಿದಿರಿ? ಅಷ್ಟು ಬರೆಯಿರಿ. ವಕೀಲರಿಗೆ ಫೋನ್ ಮಾಡಿದರೆ ಗುಮಾಸ್ತರು ಎತ್ತಿ, "ಸಾಹೇಬ್ರು ಬ್ಯುಸಿ ಇದಾರಮ್ಮ" ಅಂತ ಇಟ್ಟುಬಿಡುತ್ತಾರೆ. ಮೊದಲೆಲ್ಲ ಹೀಗೆ ಇರಲಿಲ್ಲ.

ಇನ್ನು ಸ್ವಲ್ಪ ದಿನದಲ್ಲೇ ಆದೇಶ ಬರುತ್ತದೆ ಅಂತ ಅವರೇ ಹಿಂದೆ ಹೇಳಿದ್ದರು. ನಾನೂ ಇಲ್ಲಿ ಒಬ್ಬ ಹೊಸ ಹುಡುಗಿಗೆ ನನ್ನ ಮಿಷನ್ನಿನ ಕೆಲಸ ಹೇಳಿಕೊಡುತ್ತಿದ್ದೇನೆ. ಚುರುಕಾಗಿದ್ದಾಳೆ.

ಮೊನ್ನೆ ಫೋನಿನಲ್ಲಿ ಚೂಟಿ ಕೆಮ್ಮುತ್ತಿದ್ದಳು, ಕೆಮ್ಮು ಹೋಯಿತೇ?

ನಿಮ್ಮ ಸೊಸೆ

ಮಾರ್ಚ್ 29

ಮಗಳೇ,

ತಡವಾಯಿತು. ಚೂಟಿಗೆ ಕೆಮ್ಮು ಹೋಯಿತು, ಮುಂದಿನ ಹಲ್ಲೂ ಹೋಯಿತು. ಆ ಸಂದಿಯಲ್ಲಿ ಶಿಳ್ಳೆ ಹೊಡೆಯುವುದು ಕಲಿತಿದ್ದಾಳೆ.

ಡ್ರೈವಿಂಗ್ ಸ್ಕೂಲಿಗೆ ಒಬ್ಬ ಹಲ್ಲಿನ ಡಾಕ್ಟರು ಸೇರಿದ್ದಾರೆ. ಬ್ರೇಕು ಒತ್ತಿ ಅಂದರೆ ಕಣ್ಣು ಮುಚ್ಚುತ್ತಾರೆ. ನಿನ್ನೆ ಮುನ್ಸಿಪಾಲಿಟಿಯ ಕಸದ ಡಬ್ಬಿಗೆ ಗುದ್ದಿ, ಇಳಿದು ಹೋಗಿ ಅದಕ್ಕೇ ಸಾರಿ ಹೇಳಿದರು. ನಗು ತಡೆಯಲು ಆಗಲಿಲ್ಲ.

ಆದೇಶ ಇನ್ನೂ ಬಂದಿಲ್ಲ. ಇಂಥದ್ದೆಲ್ಲ ನಿಧಾನ. ನಾನು ಹೇಳುವವರೆಗೆ ನೀನು ಕೆಲಸ ಮಾತ್ರ ಬಿಡಬೇಡ.

ನಿನ್ನ ಮಾವ

ಏಪ್ರಿಲ್ 8

ಮಾವನವರಿಗೆ,

ನಾನು ಕೇಳಿದ್ದು ಒಂದು ಪ್ರಶ್ನೆ, ನೀವು ಬರೆದದ್ದು ಕಸದ ಡಬ್ಬಿಯ ಕಥೆ.

ಕೆಲಸ ಬಿಡಬೇಡ ಅಂತ ಈಗ ಹೇಳುತ್ತೀರಿ. ಬಿಟ್ಟಾಯಿತು. ವಕೀಲರ ಮಾತು ನಂಬಿ ಸೂಪರ್‌ವೈಸರ್‌ಗೆ ಬರೆದು ಕೊಟ್ಟುಬಿಟ್ಟಿದ್ದೆ. ನಿಮಗೆ ಆಮೇಲೆ ಹೇಳೋಣ, ಒಮ್ಮೆಲೇ ಬಂದು ಬಾಗಿಲು ತಟ್ಟೋಣ ಅಂತ ಆಸೆಯಿತ್ತು. ನನ್ನ ಮಿಷನ್ನಿನಲ್ಲಿ ಈಗ ಆ ಚುರುಕು ಹುಡುಗಿ ಕೂತಿದ್ದಾಳೆ. ಕೈಕಾಲು ಹಿಡಿದು ಕೇಳಿದ್ದಕ್ಕೆ ನನ್ನನ್ನು ದಾರ ಕತ್ತರಿಸುವ ಕೆಲಸಕ್ಕೆ, ದಿನಗೂಲಿಗೆ ಇಟ್ಟುಕೊಂಡಿದ್ದಾರೆ. ನಾನು ಕಲಿಸಿದವಳು ಹೊಲಿದ ಕಾಲರಿನ ದಾರ ನಾನು ಕತ್ತರಿಸುತ್ತೇನೆ.

ನೀವು ಏನೋ ಮುಚ್ಚಿಡುತ್ತಿದ್ದೀರಿ. ಕಂಪನಿಯವರ ಜೊತೆ ಒಳಗೊಳಗೇ ರಾಜಿ ಮಾಡಿಕೊಂಡಿರಾ? ಅಥವಾ ನಾನು ಬಂದರೆ ಚೂಟಿಯನ್ನು ಕರೆದುಕೊಂಡು ಹೋಗಿಬಿಡುತ್ತೇನೆ ಅಂತ ಕೇಸು ಎಳೆಯುತ್ತಿದ್ದೀರಾ? ಅವಳು ನಿಮಗೆ ಮೊಮ್ಮಗಳು, ನನಗೆ ಮಗಳು. ಬರೆದದ್ದನ್ನು ಹೊಡೆದು ಹಾಕುವುದಿಲ್ಲ, ಹೀಗೇ ಕಳಿಸುತ್ತೇನೆ.

ನಿಮ್ಮ ಸೊಸೆ

ಏಪ್ರಿಲ್ 21

ಮಾವನವರಿಗೆ,

ಆದೇಶ ಬಂದಿದೆಯಂತೆ. ನೀವು ಹೇಳಲಿಲ್ಲ, ವಕೀಲರ ಗುಮಾಸ್ತರು ಹೇಳಿದರು. ತಪ್ಪಿನಲ್ಲಿ ಅರ್ಧ ಸತ್ತವನದೇ, ಆದ್ದರಿಂದ ಪರಿಹಾರವೂ ಅರ್ಧವೇ. ಆ ಅರ್ಧದಲ್ಲೂ ಮುಕ್ಕಾಲು ಪಾಲು ಚೂಟಿ ದೊಡ್ಡವಳಾಗುವವರೆಗೆ ಬ್ಯಾಂಕಿನಲ್ಲಿ. ಉಳಿದದ್ದು ವಕೀಲರ ಫೀಸಿಗೆ, ಅಲ್ಲಿ ಇಲ್ಲಿ ಮಾಡಿದ ಸಾಲಕ್ಕೆ. ಅಂಗಡಿ ಕೋಣೆಯ ಬಾಗಿಲಿನ ಬೀಗಕ್ಕೂ ಸಾಲುವುದಿಲ್ಲ.

ಯಾಕೆ ಹೀಗಾಯಿತು ಅಂತ ಕೇಳಿದೆ. ಅವರು ನಕ್ಕ ಹಾಗೆ ಮಾಡಿ, "ನಿಮ್ ಮಾವನವರನ್ನೇ ಕೇಳಿಯಮ್ಮ, ಕಂಪನಿ ವಕೀಲ್ರಿಗೆ ಅವ್ರೇ ಪಾಠ ಮಾಡಿದ್ರು" ಅಂದರು. ಆಮೇಲೆ ಎಲ್ಲ ಬಿಡಿಸಿ ಹೇಳಿದರು.

"ತಿರುಗುವ ಲಾರಿಯ ಎಡಕ್ಕೆ ನುಗ್ಗುವವನು ಕೆಟ್ಟ ಡ್ರೈವರು, ಅಂಥವನನ್ನು ನಾನು ಟೆಸ್ಟಿಗೇ ಕಳಿಸುವುದಿಲ್ಲ." ಹೀಗೆ ಹೇಳಿದಿರಂತೆ, ನಿಜವೇ? ಯಾರ ಬಗ್ಗೆ ಹೇಳುತ್ತಿದ್ದೀರಿ ಅನ್ನುವುದು ಆಗ ಮರೆತುಹೋಗಿತ್ತೇ? ಒಂದು ಮೇಷ್ಟ್ರೇ ಅನ್ನುವ ಮಾತಿಗೆ ಉಬ್ಬಿ ಹೋದಿರಾ? ಆ ಸಾಕ್ಷಿ ಕಟಕಟೆ ಹತ್ತಿದಾಗ ನೀವು ನನ್ನ ಗಂಡನ ಅಪ್ಪ ಆಗಿರಲಿಲ್ಲ ಮಾವ, ಬರೀ ಡ್ರೈವರ್ ಆಗಿದ್ದಿರಿ.

ಮೇಲಿನ ಕೋರ್ಟಿಗೆ ಹೋಗಬಹುದಂತೆ. ವಕೀಲರು ಒಂದು ದಾರಿ ಹೇಳಿದ್ದಾರೆ. ವಯಸ್ಸಾಗಿದೆ, ಕಿವಿ ಮಂದ, ಪ್ರಶ್ನೆ ಸರಿಯಾಗಿ ಕೇಳಿಸದೆ ಏನೋ ಹೇಳಿಬಿಟ್ಟೆ ಅಂತ ನೀವು ಪ್ರಮಾಣ ಮಾಡಿ ಬರೆದುಕೊಡಬೇಕು. ಮಾಡಿ. ಇದಕ್ಕಿಂತ ಹೆಚ್ಚು ಬರೆಯುವ ಶಕ್ತಿ ನನಗಿಲ್ಲ.

ಮೇ 5

ಮಗಳೇ,

ನಿನ್ನ ಎರಡೂ ಕಾಗದ ನಾಲ್ಕು ಸಲ ಓದಿದೆ. ಬೈದದ್ದೆಲ್ಲ ಸರಿ, ರಾಜಿ ಅನ್ನುವುದೊಂದು ಬಿಟ್ಟು. ಅವರ ಹತ್ತಿರ ನಾನು ಒಂದು ಲೋಟ ನೀರೂ ಕುಡಿದಿಲ್ಲ.

ನಡೆದದ್ದು ಹೇಳುತ್ತೇನೆ. ಆ ಕಂಪನಿ ವಕೀಲ ಹತ್ತಿರ ಬಂದು, ನಮ್ಮ ಸ್ಕೂಲಿಗೆ ಕಲಿಯಲು ಬಂದವನ ಹಾಗೆ ಕೈ ಕಟ್ಟಿಕೊಂಡು ಕೇಳಿದ: "ಮೇಷ್ಟ್ರೇ, ಒಂದು ಲಾರಿ ಎಡಕ್ಕೆ ತಿರುಗ್ತಾ ಇದೆ. ಹಿಂದೆ ಒಂದು ಸ್ಕೂಟರ್ ಇದೆ. ಎಡಗಡೆ ಜಾಗ ಕಾಣಿಸ್ತು ಅಂತ ನುಗ್ಗಬಹುದಾ?" ಈ ಪ್ರಶ್ನೆಯನ್ನು ನಾನೇ ಪ್ರತಿದಿನ ಬೆಳಿಗ್ಗೆ ಹೊಸಬರಿಗೆ ಕೇಳುತ್ತೇನೆ. ಉತ್ತರ ನಾಲಿಗೆ ತುದಿಯಲ್ಲೇ ಇರುತ್ತದೆ. "ನುಗ್ಗಬಾರದು ಸಾರ್" ಅಂದೆ, ಗುಮಾಸ್ತರು ನಿನಗೆ ಹೇಳಿದ್ದೆಲ್ಲವನ್ನೂ ಅಂದೆ. ಅವನು ಒಂದು ಸಲವೂ ನಿಮ್ಮ ಮಗ ಅನ್ನಲಿಲ್ಲ. ಒಂದು ಸ್ಕೂಟರ್ ಅಂದ. ನನಗೆ ಒಂದು ಸ್ಕೂಟರ್ ಕಾಣಿಸಿತು, ಅದರ ಮೇಲೆ ಯಾರೂ ಕಾಣಿಸಲಿಲ್ಲ. ಅವನು "ಇಷ್ಟೇ ಸ್ವಾಮಿ" ಅಂತ ಕೂತಾಗಲೂ ತಿಳಿಯಲಿಲ್ಲ. ನಿನಗೆ ಜಂಬದಿಂದ ಬರೆದಾಗಲೂ ತಿಳಿಯಲಿಲ್ಲ. ಮಾರ್ಚಿನಲ್ಲಿ ವಕೀಲರ ಆಫೀಸಿಗೆ ಹೋದಾಗ ಅವರು ನನ್ನ ಮೇಲೆ ಕೂಗಾಡಿದರು, ಆಗ ತಿಳಿಯಿತು. ನಿನಗೆ ಬರೆಯಲು ಕೂತರೆ ಕೈಗೆ ಕಸದ ಡಬ್ಬಿಯೇ ಬಂತು.

ನನ್ನ ಮಗನಿಗೆ ಸ್ಕೂಟರ್ ಕಲಿಸಿದವನು ನಾನು. ಅವನು ಎಡಗಡೆ ನುಗ್ಗುವವನಲ್ಲ. ನೀನು ಹಿಂದೆ ಕೂತು ಓಡಾಡಿದ್ದೀಯ, ನಿನಗೂ ಗೊತ್ತು. ನಿಮ್ಮ ಮಗ ಹೇಗೆ ಓಡಿಸುತ್ತಿದ್ದ ಅಂತ ಅಲ್ಲಿ ಒಬ್ಬನಾದರೂ ಕೇಳಬೇಕಿತ್ತು. ಒಬ್ಬರೂ ಕೇಳಲಿಲ್ಲ, ನಮ್ಮ ವಕೀಲರೂ ಕೇಳಲಿಲ್ಲ. ಕೇಳಿದ್ದರೆ ಸಂಜೆಯವರೆಗೂ ಹೇಳುತ್ತಿದ್ದೆ. 

ಚೂಟಿಯ ವಿಷಯ. ನೀನು ಕರೆದುಕೊಂಡು ಹೋಗುತ್ತೀಯ ಅಂತ ಕೇಸು ಎಳೆಯಲಿಲ್ಲ. ಆದರೆ ಅವಳು ಹೊರಟ ಮೇಲೆ ಈ ಎರಡು ಕೋಣೆಯಲ್ಲಿ ಒಬ್ಬನೇ ಹೇಗಿರಲಿ ಅಂತ ಯೋಚಿಸಿಲ್ಲ ಅಂದರೆ ಸುಳ್ಳಾಗುತ್ತದೆ.

ನನ್ನ ಕಿವಿಗೆ ಏನೂ ಆಗಿಲ್ಲ. ಆ ವಕೀಲನ ಒಂದೊಂದು ಅಕ್ಷರವೂ ಕೇಳಿಸಿತ್ತು. ಆದರೂ ಬರೆದುಕೊಡುತ್ತೇನೆ. ನಾಳೆಯೇ ಹೋಗುತ್ತೇನೆ.

ನಿನ್ನ ಮಾವ

ಜುಲೈ 14

ಮಾವನವರಿಗೆ,

ನೀವು ಬರೆದುಕೊಟ್ಟಿರಿ ಅಂತ ವಕೀಲರಿಂದ ತಿಳಿಯಿತು. ನಾನು ಇಷ್ಟು ದಿನ ಬರೆಯಲಿಲ್ಲ, ಬರೆದಿದ್ದರೆ ಕೆಟ್ಟದ್ದೇ ಬರೆಯುತ್ತಿದ್ದೆ.

ಕಂಪನಿಯವರು ಈಗ, ಆ ಮುದುಕರಿಗೆ ನಿಜವಾಗಿ ಕಿವಿ ಕೇಳುವುದಿಲ್ಲವೇ, ಸರ್ಕಾರಿ ಆಸ್ಪತ್ರೆಯಲ್ಲಿ ಪರೀಕ್ಷೆ ಮಾಡಿಸಿ ಅಂತ ತಕರಾರು ಎತ್ತಿದ್ದಾರಂತೆ. ಮೊದಲು ನನ್ನ ಗಂಡನ ಲೆಕ್ಕ ಕೇಳಿದರು, ಈಗ ನಿಮ್ಮ ಕಿವಿ ಕೇಳುತ್ತಿದ್ದಾರೆ. ಇವರಿಗೆ ಇನ್ನೇನು ಕೊಡಬೇಕು?

ಮೊನ್ನೆ ಫೋನಿನಲ್ಲಿ ಚೂಟಿ, "ತಾತ ಈಗ ಕೆಲಸಕ್ಕೆ ಹೋಗಲ್ಲ, ಮನೇಲೇ ಇರ್ತಾರೆ, ನನಗೆ ಜಡೆ ಹಾಕ್ತಾರೆ" ಅಂದಳು. ಏನು ವಿಷಯ? ಈ ಸಲವಾದರೂ ಕೇಳಿದ್ದಕ್ಕೆ ಉತ್ತರ ಬರೆಯಿರಿ.

ನಿಮ್ಮ ಸೊಸೆ

ಜುಲೈ 30

ಮಗಳೇ,

ಕೇಳಿದ್ದಕ್ಕೆ ಉತ್ತರ. ಹಿಂದಿನಿಂದ ಬರುವ ಹಾರನ್ನು ಕೇಳಿಸದವನನ್ನು ಕಲಿಯುವವರ ಪಕ್ಕದಲ್ಲಿ ಕೂರಿಸಲು ಆಗುವುದಿಲ್ಲ. ಕಿವಿ ಕೇಳುವುದಿಲ್ಲ ಅಂತ ಕೋರ್ಟಿಗೆ ಪ್ರಮಾಣ ಮಾಡಿ ಬಂದು, ಮಾರನೇ ದಿನ ಏನೂ ಆಗದವನ ಹಾಗೆ ಹೋಗಿ ಕೂತರೆ ನಾನು ಯಾವ ಮೇಷ್ಟ್ರು? ಡ್ರೈವಿಂಗ್ ಸ್ಕೂಲಿನ ಓನರಿಗೆ ವಿಷಯ ಹೇಳಿ ಕಾರಿನ ಕೀ ಕೊಟ್ಟು ಬಂದೆ. ಅವನು, "ಬರೀ ಕೋರ್ಟಿಗೋಸ್ಕರ ಹೇಳಿದ್ದು ಅಂತ ಇರಲಿ ಬಿಡಿ ಮೇಷ್ಟ್ರೇ" ಅಂದ. ಬೇಡ ಅಂದೆ.

ಇದು ನಿನಗೆ ಗೊತ್ತಾಗುವುದು ಬೇಡವಾಗಿತ್ತು. ಜಡೆ ಇನ್ನೂ ಸರಿಯಾಗಿ ಬರುತ್ತಿಲ್ಲ. ಒಂದು ಕಡೆಗೇ ವಾಲುತ್ತದೆ.

ಪರೀಕ್ಷೆಗೆ ಮುಂದಿನ ತಿಂಗಳು ಕರೆದಿದ್ದಾರೆ. ಅದರಲ್ಲಿ ಫೇಲಾಗುವುದು ಎಷ್ಟು ಹೊತ್ತಿನ ಕೆಲಸ? ಸುಮ್ಮನೆ ಕೂತರಾಯಿತು.

ನಿನ್ನ ಮಾವ

ಆಗಸ್ಟ್ 23

ಮಗಳೇ,

ಪಾಸಾಗಿಬಿಟ್ಟೆ.

ಮೊದಲು ಕಿವಿಗೆ ಯಂತ್ರ ಸಿಕ್ಕಿಸಿ ಸದ್ದು ಬಿಟ್ಟರು, ಕೇಳಿಸಿದರೆ ಬೆರಳೆತ್ತಿ ಅಂದರು. ಬೆರಳೆತ್ತಲಿಲ್ಲ. ಆಮೇಲೆ ಡಾಕ್ಟರಮ್ಮ ನನ್ನ ಬೆನ್ನ ಹಿಂದೆ ದೂರ ನಿಂತು, ತಾನು ಪಿಸುಗುಟ್ಟಿದ ಮಾತನ್ನು ತಿರುಗಿ ಹೇಳಬೇಕು ಅಂದರು. ಎದುರಿಗೆ ಕಣ್ಣಿನ ಪರೀಕ್ಷೆಯ ಬೋರ್ಡು ನೇತುಹಾಕಿತ್ತು, ಅದನ್ನೇ ನೋಡುತ್ತ ಕಲ್ಲಿನ ಹಾಗೆ ಕೂತೆ. ಮನೆ ಅಂದರು. ತುಟಿ ಪಿಟಕ್ಕೆನ್ನಲಿಲ್ಲ. ಮರ ಅಂದರು. ಸುಮ್ಮನಿದ್ದೆ. ಬೆಳಕು ಅಂದರು, ನಾಯಿ ಅಂದರು. ಎಲ್ಲ ಸ್ಪಷ್ಟವಾಗಿ ಕೇಳಿಸುತ್ತಿದೆ, ನಾನು ಮಾತ್ರ ಮಿಸುಕಲಿಲ್ಲ. ನೀನು ನೋಡಿದ್ದರೆ ಶಭಾಷ್ ಅನ್ನುತ್ತಿದ್ದೆ.

ಆಮೇಲೆ ಅವರು ಅಪ್ಪಾ ಅಂದರು.

"ಏನೋ?" ಅಂತ ತಿರುಗಿಬಿಟ್ಟೆ.

ಬೇಕಂತ ತಿರುಗಲಿಲ್ಲ ಮಗಳೇ. ಆ ಮಾತು ಕೇಳಿ ಎರಡು ವರ್ಷದ ಮೇಲಾಗಿತ್ತು. ಡಾಕ್ಟರಮ್ಮನೂ ಗಾಬರಿಯಾದರು. ನನ್ನ ಮುಖ ಹೇಗಿತ್ತೋ ಏನೋ, ನೀರು ತಂದು ಕೊಟ್ಟು, "ಯಾರು ಅಂದ್ಕೊಂಡ್ರಿ ತಾತ?" ಅಂತ ಕೇಳಿದರು. ನೀರು ಕುಡಿದು ಲೋಟ ವಾಪಸ್ ಕೊಟ್ಟೆ. ಅವರದು ಒಳ್ಳೇ ಮನಸ್ಸು, ಆದರೆ ಬರೆಯಬೇಕಾದ್ದನ್ನು ಬರೆದರು. ಎರಡು ಕಿವಿಯೂ ಚೆನ್ನಾಗಿವೆ.

ಇನ್ನು ಅಪೀಲು ನಿಲ್ಲುವುದಿಲ್ಲ ಅಂತ ವಕೀಲರು ಕೈಚೆಲ್ಲಿದರು. ಸುಳ್ಳು ಪ್ರಮಾಣಕ್ಕೆ ನನ್ನ ಮೇಲೇ ಕೇಸು ಬೀಳದಿದ್ದರೆ ಪುಣ್ಯವಂತೆ. ಒಂದು ಸಲ ನಿಜ ಹೇಳಿ ಕೆಡಿಸಿದೆ, ಇನ್ನೊಂದು ಸಲ ಸುಳ್ಳು ಹೇಳಲು ಹೋಗಿ ಕೆಡಿಸಿದೆ. ಡ್ರೈವಿಂಗ್ ಸ್ಕೂಲಿನ ಓನರ್ ಮಾತ್ರ ಡಾಕ್ಟರ ಚೀಟಿ ಓದಿ ಹೊಟ್ಟೆ ಹಿಡಿದುಕೊಂಡು ನಕ್ಕ, ಸೋಮವಾರದಿಂದ ಬನ್ನಿ ಅಂದ. ಹೋಗುತ್ತೇನೆ. ಸಂಬಳದಲ್ಲಿ ಆ ಅಂಗಡಿ ಕೋಣೆ ಹಿಡಿಯಲು ಆಗುವುದಿಲ್ಲ. ಆದರೆ ನಮ್ಮ ಮುಂದಿನ ಕೋಣೆಯಲ್ಲಿ ಕಿಟಕಿಯ ಹತ್ತಿರ ಒಂದು ಮಿಷನ್ ಹಿಡಿಸುತ್ತದೆ, ನಿನ್ನೆ ಮಂಚ ಸರಿಸಿ ನೋಡಿದೆ. ನಾನು ಅಡುಗೆಮನೆಯಲ್ಲಿ ಮಲಗುತ್ತೇನೆ.

ನೀನು ಬರುವುದಿಲ್ಲ ಅಂದರೂ ನನಗೆ ಅರ್ಥವಾಗುತ್ತದೆ.

ನಿನ್ನ ಮಾವ

ಸೆಪ್ಟೆಂಬರ್ 2

ಮಾವನವರಿಗೆ,

ನಿಮ್ಮ ಕಾಗದವನ್ನು ಕ್ಯಾಂಟೀನಿನಲ್ಲಿ ಓದಿದೆ. ಪಾಸಾಗಿಬಿಟ್ಟೆ ಅನ್ನುವುದನ್ನು ಓದಿ ತಲೆ ಚಚ್ಚಿಕೊಂಡೆ. ಮನೆ, ಮರ, ನಾಯಿ ಅನ್ನುವಲ್ಲಿ ಜೋರಾಗಿ ನಕ್ಕೆ, ಪಕ್ಕದವಳು ಏನೇ ಅದು ಅಂದಳು. ಮುಂದಿನ ಸಾಲು ಓದಿದೆ. ಊಟ ಅರ್ಧಕ್ಕೇ ಬಿಟ್ಟು ಎದ್ದೆ.

ಸಿಟ್ಟು ಇನ್ನೂ ಇದೆ. ಆ ಕಂಪನಿಯವರ ಮೇಲೆ, ಕೈಚೆಲ್ಲಿದ ವಕೀಲರ ಮೇಲೆ, ನಿಮ್ಮ ಮೇಲೂ ಇದೆ. ಇಷ್ಟು ಬೇಗ ಹೋಗುವ ಸಿಟ್ಟಲ್ಲ ಇದು. ಒಂದೇ ಮನೆಯಲ್ಲಿದ್ದರೆ ದಿನಾ ಸ್ವಲ್ಪ ಸ್ವಲ್ಪ ಆಡಿ ತೀರಿಸಿಕೊಳ್ಳುತ್ತೇನೆ, ನೀವು ಕೇಳಿಸಿಕೊಳ್ಳಬೇಕು. ಕಿವಿ ಚೆನ್ನಾಗಿದೆಯಂತಲ್ಲ.

ಇಲ್ಲಿನ ಲೆಕ್ಕ ಮುಗಿಸಿ ಶನಿವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ಹಳೇ ಮಿಷನ್ ಒಂದು ಇಲ್ಲೇ ಅಗ್ಗಕ್ಕೆ ಸಿಕ್ಕಿದೆ, ಪೆಡಲ್ ಸ್ವಲ್ಪ ಬಿಗಿ. ಚೂಟಿಗೆ ಹೇಳಿ, ಈ ಸಲ ಅಮ್ಮ ವಾಪಸ್ ಹೋಗುವುದಿಲ್ಲ ಅಂತ. ಅಡುಗೆಮನೆಯಲ್ಲಿ ಯಾರೂ ಮಲಗಬೇಕಾಗಿಲ್ಲ, ನಾನು ಮಗಳ ಜೊತೆ ಮುಂದಿನ ಕೋಣೆಯಲ್ಲಿ ಮಲಗುತ್ತೇನೆ.

ಒಂದು ಮಾತು ಬರೆದು ಮುಗಿಸುತ್ತೇನೆ, ಮನೆಯಲ್ಲಿ ಎದುರಾಬದುರು ಕೂತು ಇದನ್ನು ಹೇಳುವುದಕ್ಕೆ ನನ್ನಿಂದ ಆಗುವುದಿಲ್ಲ. ಅಪ್ಪಾ ಅನ್ನುವ ಆ ಕೂಗಿಗೂ ನೀವು ತಿರುಗದೆ ಕೂತು, ಪರೀಕ್ಷೆಯಲ್ಲಿ ಫೇಲಾಗಿ, ಇಡೀ ಪರಿಹಾರ ತಂದು ನನ್ನ ಮಡಿಲಿಗೆ ಸುರಿದಿದ್ದರೆ, ಮಗಳನ್ನು ಕರೆದುಕೊಂಡು ಹೋಗುತ್ತಿದ್ದೆ. ಮತ್ತೆ ನಿಮ್ಮ ಮನೆಯ ಹೊಸ್ತಿಲು ಮಾತ್ರ ತುಳಿಯುತ್ತಿರಲಿಲ್ಲ.

ಮಿಷನ್ ಭಾರ ಇದೆ. ಬಸ್ ನಿಲ್ದಾಣಕ್ಕೆ ಬನ್ನಿ.

ನಿಮ್ಮ ಸೊಸೆ